ಅಮೆರಿಕದ ವೇತನ: ಸರಾಸರಿ ಏರಿತು, ದುಡಿಯುವವರ ಪಾಲು ಏರಿತೇ?

ಅಮೆರಿಕದ ಉದ್ಯೋಗ ವರದಿ ಸಾಮಾನ್ಯವಾಗಿ ತಿಂಗಳ ಮೊದಲ ಶುಕ್ರವಾರ ಪ್ರಕಟವಾಗುತ್ತದೆ. ಹೊಸದಾಗಿ ಎಷ್ಟು ಉದ್ಯೋಗಗಳು ಸೇರಿದವು, ನಿರುದ್ಯೋಗದ ಪ್ರಮಾಣವೆಷ್ಟು, ಗಂಟೆಯ ಸರಾಸರಿ ವೇತನ ಎಷ್ಟು ಹೆಚ್ಚಿತು ಎಂಬ ಮೂರು ಅಂಕಿಗಳಿಗಾಗಿ ನ್ಯೂಯಾರ್ಕಿನ ಷೇರುಪೇಟೆ ಕಾದಿರುತ್ತದೆ. ಮುಂದಿನ ವಹಿವಾಟಿನ ದಿನ ಮುಂಬಯಿ ಪೇಟೆಯಲ್ಲೂ ಅದರ ಪರಿಣಾಮ ಕಾಣುವುದುಂಟು. ವೇತನ ವೇಗವಾಗಿ ಏರಿದರೆ ಬೆಲೆಗಳೂ ಏರಬಹುದೆಂಬ ಅಂಜಿಕೆ, ಏರಿಕೆ ಕುಂಠಿತವಾದರೆ ಬೇಡಿಕೆ ಕುಸಿಯಬಹುದೆಂಬ ಆತಂಕ. ಅಲ್ಲಿನ ಕೇಂದ್ರ ಬ್ಯಾಂಕಾದ ಫೆಡರಲ್ ರಿಸರ್ವ್ ಬಡ್ಡಿ ದರ ನಿರ್ಧರಿಸುವಾಗ ಈ ಅಂಕಿಗಳನ್ನೂ ತೂಗಿ ನೋಡುತ್ತದೆ.

ಆದರೆ ಈ ಅಂಕಿಗಳಿಂದ ದುಡಿಯುವವರ ನಿಜಸ್ಥಿತಿ ತಿಳಿಯುತ್ತದೆಯೇ? ಡಾಲರ್ ಲೆಕ್ಕದಲ್ಲಿ ಸರಾಸರಿ ವೇತನ ದಶಕಗಳಿಂದ ಏರುತ್ತಲೇ ಬಂದಿದೆ. ಆದರೂ 1973ರ ಆರಂಭದಲ್ಲಿ ಸಾಮಾನ್ಯ ಕೆಲಸಗಾರನ ಒಂದು ಗಂಟೆಯ ಗಳಿಕೆಗೆ ಇದ್ದ ಕೊಳ್ಳುವ ಶಕ್ತಿ, 45 ವರ್ಷಗಳ ನಂತರ 2018ರಲ್ಲೂ ಮರಳಿ ಬಂದಿರಲಿಲ್ಲ. ಅದೇ ಅವಧಿಯಲ್ಲಿ ದೇಶದ ಒಟ್ಟು ಉತ್ಪನ್ನ ಮೂರು ಪಟ್ಟಿಗೂ ಹೆಚ್ಚು ಬೆಳೆದಿತ್ತು. ಸಂಪತ್ತು ಬೆಳೆದ ಮಾತ್ರಕ್ಕೆ ಕೆಳಹಂತದ ಕೂಲಿ ಬೆಳೆಯುವುದಿಲ್ಲವೆಂಬುದು ಅಮೆರಿಕದ ಒಂದು ಶತಮಾನದ ಅನುಭವ. ಕಾನೂನು, ಸಂಘಟನೆ, ಕೆಲಸಗಾರರ ಅಭಾವ ಈ ಮೂರರಲ್ಲಿ ಒಂದಾದರೂ ಕಾರ್ಮಿಕರ ಪರವಾಗಿದ್ದಾಗ ಅದು ಬೆಳೆದಿದೆ. ಮೂರೂ ಸಡಿಲಗೊಂಡ ಕಾಲದಲ್ಲಿ ನಿಂತಲ್ಲೇ ನಿಂತಿದೆ.

ಅಂಕಿಗಳು ಎಲ್ಲಿಂದ ಬರುತ್ತವೆ?

ವೇತನದ ಲೆಕ್ಕ ಇಡುವ ಹೊಣೆ ಕಾರ್ಮಿಕ ಇಲಾಖೆಯ ಅಧೀನದಲ್ಲಿರುವ ಅಂಕಿಅಂಶ ಸಂಸ್ಥೆಯದು. 1884ರಲ್ಲಿ ಸ್ಥಾಪನೆಯಾದ ಇದನ್ನು ಬಿಎಲ್‌ಎಸ್ ಎಂದು ಕರೆಯುವುದೇ ರೂಢಿ. ಸಂಸ್ಥೆ ಪ್ರತಿ ತಿಂಗಳೂ ಎರಡು ಸಮೀಕ್ಷೆಗಳನ್ನು ಆಧರಿಸುತ್ತದೆ. ಸುಮಾರು 60 ಸಾವಿರ ಕುಟುಂಬಗಳನ್ನು ವಿಚಾರಿಸಿ ನಿರುದ್ಯೋಗದ ಪ್ರಮಾಣವನ್ನು ಲೆಕ್ಕ ಹಾಕುತ್ತದೆ. ಸುಮಾರು 1 ಲಕ್ಷ 20 ಸಾವಿರ ಉದ್ದಿಮೆಗಳು ಹಾಗೂ ಸರ್ಕಾರಿ ಕಚೇರಿಗಳ ಸಂಬಳಪಟ್ಟಿಯಿಂದ ಉದ್ಯೋಗಗಳ ಸಂಖ್ಯೆಯನ್ನು ಪಡೆಯುತ್ತದೆ. ಖಾಸಗಿ ವಲಯದ ಗಂಟೆಯ ಸರಾಸರಿ ವೇತನವೂ ಇದೇ ಸಂಬಳಪಟ್ಟಿಯಿಂದ ದೊರೆಯುವುದು. 2025ರ ಮಧ್ಯಭಾಗದಲ್ಲಿ ಈ ಸರಾಸರಿ 36 ಡಾಲರ್ ಆಸುಪಾಸಿನಲ್ಲಿತ್ತು.

ಇದಲ್ಲದೆ ಮೂರು ತಿಂಗಳಿಗೊಮ್ಮೆ ಉದ್ಯೋಗ ವೆಚ್ಚ ಸೂಚ್ಯಂಕ ಪ್ರಕಟವಾಗುತ್ತದೆ. ಇದರಲ್ಲಿ ಸಂಬಳದ ಜತೆಗೆ ವಿಮೆ, ನಿವೃತ್ತಿ ನಿಧಿ, ವೇತನಸಹಿತ ರಜೆ ಮುಂತಾದ ಸೌಲಭ್ಯಗಳ ವೆಚ್ಚವೂ ಸೇರಿರುತ್ತದೆ. ಕೆಲಸಗಳ ಮಿಶ್ರಣ ಬದಲಾದರೂ ಲೆಕ್ಕ ಏರುಪೇರಾಗದಂತೆ ರೂಪಿಸಿರುವುದರಿಂದ ಅರ್ಥಶಾಸ್ತ್ರಜ್ಞರು ಇದನ್ನೇ ಹೆಚ್ಚು ನಂಬುತ್ತಾರೆ.

2025ರಲ್ಲಿ ಈ ಸಂಸ್ಥೆಯೇ ವಿವಾದಕ್ಕೆ ಸಿಲುಕಿತು. ಆಗಸ್ಟ್ 1ರ ವರದಿಯಲ್ಲಿ ಅದಕ್ಕೂ ಹಿಂದಿನ ಎರಡು ತಿಂಗಳ ಉದ್ಯೋಗ ಸಂಖ್ಯೆಯಿಂದ 2 ಲಕ್ಷ 58 ಸಾವಿರವನ್ನು ಕಡಿತಗೊಳಿಸಲಾಗಿತ್ತು. ಅಂಕಿಗಳನ್ನು ತಿರುಚಲಾಗಿದೆ ಎಂದು ಆರೋಪಿಸಿದ ಅಧ್ಯಕ್ಷ ಡೊನಾಲ್ಡ್ ಟ್ರಂಪ್, ಪುರಾವೆ ಒದಗಿಸದೆಯೇ ಅಂದೇ ಸಂಸ್ಥೆಯ ಮುಖ್ಯಸ್ಥೆ ಎರಿಕಾ ಮೆಕೆಂಟಾರ್ಫರ್ ಅವರನ್ನು ವಜಾ ಮಾಡಿದರು. ಅದೇ ವರ್ಷ ಅಕ್ಟೋಬರಿನಲ್ಲಿ ಸರ್ಕಾರದ ಕೆಲಸಕಾರ್ಯಗಳು ಸ್ಥಗಿತಗೊಂಡಾಗ ಕುಟುಂಬ ಸಮೀಕ್ಷೆ ನಡೆಯಲೇ ಇಲ್ಲ. ಹೀಗಾಗಿ ಆ ತಿಂಗಳ ನಿರುದ್ಯೋಗ ಪ್ರಮಾಣ ಎಂಬುದೇ ದಾಖಲೆಯಲ್ಲಿಲ್ಲ.

ಸರಾಸರಿಯ ಮಿತಿ

ಸರಾಸರಿ ಎಷ್ಟು ದಾರಿ ತಪ್ಪಿಸಬಲ್ಲದು ಎಂಬುದಕ್ಕೆ 2020ರ ಏಪ್ರಿಲ್ ತಿಂಗಳು ಉದಾಹರಣೆ. ಕೋವಿಡ್ ಹಾವಳಿಯಿಂದ ಆ ಒಂದೇ ತಿಂಗಳಲ್ಲಿ 2 ಕೋಟಿಗೂ ಹೆಚ್ಚು ಉದ್ಯೋಗಗಳು ನಾಶವಾದವು. ಆದರೆ ಗಂಟೆಯ ಸರಾಸರಿ ವೇತನ ಅದೇ ತಿಂಗಳು 1.34 ಡಾಲರ್ ಜಿಗಿದು 30.01 ಡಾಲರ್ ತಲುಪಿತು ಎಂದು ವರದಿ ಹೇಳಿತು. ಯಾರ ಸಂಬಳವನ್ನೂ ಯಾರೂ ಏರಿಸಿರಲಿಲ್ಲ. ಹೋಟೆಲ್ ಮಾಣಿಗಳು, ಅಂಗಡಿ ಸಹಾಯಕರು, ಶುಚಿತ್ವ ಕೆಲಸದವರು ಮೊದಲಾದ ಕಡಿಮೆ ಸಂಬಳದವರೇ ದೊಡ್ಡ ಸಂಖ್ಯೆಯಲ್ಲಿ ಪಟ್ಟಿಯಿಂದ ಹೊರಬಿದ್ದರು. ಉಳಿದವರ ಸರಾಸರಿ ತಾನಾಗಿ ಮೇಲೇರಿತು.

ಸಾಮಾನ್ಯ ದಿನಗಳಲ್ಲೂ ಸರಾಸರಿ ಮೇಲ್ವರ್ಗದತ್ತ ವಾಲುತ್ತದೆ. ಎಲ್ಲರನ್ನೂ ಸಂಬಳದ ಕ್ರಮದಲ್ಲಿ ಸಾಲಾಗಿ ನಿಲ್ಲಿಸಿ, ನಟ್ಟನಡುವೆ ನಿಂತವರ ಸಂಬಳವನ್ನು ನೋಡುವುದು ಇದಕ್ಕೆ ಪರಿಹಾರ. ಇದಕ್ಕೆ ಮಧ್ಯಾಂಕ ಎಂದು ಹೆಸರು. ವೃತ್ತಿವಾರು ಸಮೀಕ್ಷೆಯ ಪ್ರಕಾರ 2024ರ ಮೇ ತಿಂಗಳಲ್ಲಿ ಅಮೆರಿಕದ ವಾರ್ಷಿಕ ಸರಾಸರಿ ವೇತನ 67,920 ಡಾಲರ್ ಇದ್ದರೆ ಮಧ್ಯಾಂಕ 49,500 ಡಾಲರ್ ಮಾತ್ರ. ಅಂದರೆ ಉದ್ಯೋಗಿಗಳಲ್ಲಿ ಅರ್ಧದಷ್ಟು ಮಂದಿ ಗಂಟೆಗೆ 23.80 ಡಾಲರಿಗಿಂತ ಕಡಿಮೆ ಗಳಿಸುತ್ತಿದ್ದರು. ಪುರುಷರು ಮತ್ತು ಮಹಿಳೆಯರ ನಡುವಣ ಅಂತರವೂ ಅಳಿದಿಲ್ಲ. ಸಮಾನ ವೇತನ ಕಾಯ್ದೆ ಬಂದದ್ದು 1963ರಲ್ಲಿ. 2024ರಲ್ಲೂ ಪೂರ್ಣಕಾಲಿಕ ಮಹಿಳಾ ಉದ್ಯೋಗಿಗಳ ವಾರದ ಮಧ್ಯಾಂಕ ಗಳಿಕೆ ಪುರುಷರ ಗಳಿಕೆಯ ಶೇ. 83ರಷ್ಟಿತ್ತು.

ಕನಿಷ್ಠ ವೇತನ: 25 ಸೆಂಟಿನಿಂದ 7.25 ಡಾಲರಿಗೆ

ಮಹಾ ಆರ್ಥಿಕ ಕುಸಿತದ ಕಾಲದಲ್ಲಿ ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ 1938ರ ಜೂನ್ 25ರಂದು ನ್ಯಾಯಯುತ ಕಾರ್ಮಿಕ ಮಾನದಂಡ ಕಾಯ್ದೆಗೆ ಸಹಿ ಹಾಕಿದರು. ಗಂಟೆಗೆ 25 ಸೆಂಟ್ ಕನಿಷ್ಠ ಕೂಲಿ, ನಿಗದಿತ ಅವಧಿ ಮೀರಿದ ಕೆಲಸಕ್ಕೆ ಒಂದೂವರೆ ಪಟ್ಟು ಸಂಬಳ, ಬಾಲಕಾರ್ಮಿಕರಿಗೆ ತಡೆ ಇದರ ಮುಖ್ಯಾಂಶಗಳು. ಹಂತಹಂತವಾಗಿ ವಾರಕ್ಕೆ 40 ಗಂಟೆಗಳ ದುಡಿಮೆ ರೂಢಿಗೆ ಬಂತು. ಆದರೆ ಆರಂಭದಲ್ಲಿ ಈ ಕಾಯ್ದೆಯ ನೆರಳು ತಲುಪಿದ್ದು ದುಡಿಯುವವರಲ್ಲಿ ಐದರಲ್ಲೊಂದು ಭಾಗಕ್ಕೆ ಮಾತ್ರ. ಕೃಷಿ ಕೂಲಿಗಳು ಮತ್ತು ಮನೆಗೆಲಸದವರನ್ನು ಹೊರಗಿಡಲಾಗಿತ್ತು. ಅವರಲ್ಲಿ ಕಪ್ಪು ಜನಾಂಗದವರ ಸಂಖ್ಯೆ ದೊಡ್ಡದಿತ್ತು. ಕೃಷಿ ಕೂಲಿಗಳಲ್ಲಿ ಒಂದು ಭಾಗಕ್ಕೆ 1966ರ ತಿದ್ದುಪಡಿಯಿಂದ, ಮನೆಗೆಲಸದವರಿಗೆ 1974ರ ತಿದ್ದುಪಡಿಯಿಂದ ರಕ್ಷಣೆ ದೊರೆಯಿತು.

1968ರಲ್ಲಿ ಕನಿಷ್ಠ ವೇತನ 1.60 ಡಾಲರ್ ಆಯಿತು. 2024ರ ಬೆಲೆಮಟ್ಟಕ್ಕೆ ಹೊಂದಿಸಿದರೆ ಅದು 14 ಡಾಲರಿಗೂ ಹೆಚ್ಚು. ಕೊಳ್ಳುವ ಶಕ್ತಿಯ ದೃಷ್ಟಿಯಿಂದ ಅದೇ ಶಿಖರ. ಕೇಂದ್ರದ ಕನಿಷ್ಠ ವೇತನ ಕೊನೆಯ ಬಾರಿ ಏರಿದ್ದು 2009ರ ಜುಲೈ 24ರಂದು, 7.25 ಡಾಲರಿಗೆ. ಕಾಯ್ದೆ ಬಂದಂದಿನಿಂದ ಇಷ್ಟು ದೀರ್ಘಕಾಲ ಏರಿಕೆ ಕಾಣದೆ ಉಳಿದದ್ದು ಇದೇ ಮೊದಲು. ವಾರಕ್ಕೆ 40 ಗಂಟೆಯಂತೆ ವರ್ಷವಿಡೀ ದುಡಿದರೆ ಈ ದರದಲ್ಲಿ ಕೈಸೇರುವುದು 15,080 ಡಾಲರ್. 2025ರಲ್ಲಿ ಒಂಟಿ ವ್ಯಕ್ತಿಗೆ ಸರ್ಕಾರವೇ ಗುರುತಿಸಿದ ಬಡತನದ ಗೆರೆ 15,650 ಡಾಲರ್.

ಭಕ್ಷೀಸು ಪಡೆಯುವ ನೌಕರರ ಸ್ಥಿತಿ ಇನ್ನೂ ವಿಚಿತ್ರ. ಅವರಿಗೆ ಮಾಲೀಕರು ಕೊಡಬೇಕಾದ ಕೇಂದ್ರದ ಕನಿಷ್ಠ ಕೂಲಿ 1991ರಿಂದಲೂ ಗಂಟೆಗೆ 2.13 ಡಾಲರ್. ಭಕ್ಷೀಸು ಸೇರಿ 7.25 ಡಾಲರ್ ತುಂಬದಿದ್ದರೆ ಕೊರತೆಯನ್ನು ಮಾಲೀಕರೇ ಭರಿಸಬೇಕೆಂಬುದು ನಿಯಮ. 2025ರ ಜುಲೈನಲ್ಲಿ ಬಂದ ತೆರಿಗೆ ಕಾನೂನು 2028ರವರೆಗೆ ವರ್ಷಕ್ಕೆ 25 ಸಾವಿರ ಡಾಲರ್‌ವರೆಗಿನ ಭಕ್ಷೀಸಿಗೆ ಆದಾಯ ತೆರಿಗೆಯಲ್ಲಿ ರಿಯಾಯಿತಿ ನೀಡಿದೆ. ಆದರೆ ಕೂಲಿಯ ದರವನ್ನು ಮುಟ್ಟಿಲ್ಲ.

ಕೇಂದ್ರ ಸುಮ್ಮನಿದ್ದಾಗ ರಾಜ್ಯಗಳು ಮುಂದೆ ಬಂದವು. 2012ರ ನವೆಂಬರಿನಲ್ಲಿ ನ್ಯೂಯಾರ್ಕಿನ ಫಾಸ್ಟ್‌ಫುಡ್ ನೌಕರರು ಗಂಟೆಗೆ 15 ಡಾಲರ್ ಕೇಳಿ ಬೀದಿಗಿಳಿದಾಗ ಅದನ್ನು ಅತಿಯಾಸೆ ಎಂದವರೇ ಹೆಚ್ಚು. ಕ್ಯಾಲಿಫೋರ್ನಿಯ 2024ರ ಏಪ್ರಿಲ್‌ನಿಂದ ದೊಡ್ಡ ಫಾಸ್ಟ್‌ಫುಡ್ ಸರಣಿಗಳ ನೌಕರರಿಗೆ 20 ಡಾಲರ್ ನಿಗದಿ ಮಾಡಿತು. ರಾಜಧಾನಿ ವಾಷಿಂಗ್ಟನ್‌ನಲ್ಲಿ 2025ರ ಜುಲೈನಿಂದ 17.95 ಡಾಲರ್ ಕನಿಷ್ಠ ದರ ಜಾರಿಗೆ ಬಂತು. ಇತ್ತ ದಕ್ಷಿಣದ ಅಲಬಾಮ, ಮಿಸಿಸಿಪ್ಪಿ, ಲೂಸಿಯಾನ, ಟೆನೆಸಿ, ಸೌತ್ ಕ್ಯಾರೊಲಿನ ರಾಜ್ಯಗಳಿಗೆ ತಮ್ಮದೇ ಆದ ಕನಿಷ್ಠ ವೇತನ ಕಾನೂನು ಇಲ್ಲ. ಅಲ್ಲಿ 7.25 ಡಾಲರೇ ಆಧಾರ. ರಾಜ್ಯಗಳ ಏರಿಕೆ ಹಾಗೂ ಮಾರುಕಟ್ಟೆಯ ಒತ್ತಡದಿಂದಾಗಿ, ಗಂಟೆ ಲೆಕ್ಕದಲ್ಲಿ ದುಡಿಯುವವರಲ್ಲಿ ಕೇಂದ್ರದ ದರ ಅಥವಾ ಅದಕ್ಕಿಂತ ಕಡಿಮೆ ಪಡೆಯುವವರು ಈಚಿನ ವರ್ಷಗಳಲ್ಲಿ ಶೇ. 1ರ ಆಸುಪಾಸಿಗೆ ಇಳಿದಿದ್ದಾರೆ.

ಕನಿಷ್ಠ ವೇತನ ಏರಿದರೆ ಉದ್ಯೋಗ ನಷ್ಟವಾಗುತ್ತದೆ ಎಂಬುದು ಹಳೆಯ ವಾದ. 1992ರ ಏಪ್ರಿಲ್‌ನಲ್ಲಿ ನ್ಯೂಜೆರ್ಸಿ ತನ್ನ ದರವನ್ನು 4.25ರಿಂದ 5.05 ಡಾಲರಿಗೆ ಏರಿಸಿತು. ಪಕ್ಕದ ಪೆನ್ಸಿಲ್ವೇನಿಯ ಏರಿಸಲಿಲ್ಲ. ಡೇವಿಡ್ ಕಾರ್ಡ್ ಮತ್ತು ಅಲನ್ ಕ್ರೂಗರ್ ಎರಡೂ ಕಡೆಯ ಫಾಸ್ಟ್‌ಫುಡ್ ಅಂಗಡಿಗಳನ್ನು ಹೋಲಿಸಿ, ನ್ಯೂಜೆರ್ಸಿಯಲ್ಲಿ ಉದ್ಯೋಗ ಕುಗ್ಗಿದ್ದಕ್ಕೆ ಪುರಾವೆ ಇಲ್ಲವೆಂದು 1994ರಲ್ಲಿ ಪ್ರಕಟಿಸಿದರು. ಕಾರ್ಡ್ ಅವರಿಗೆ 2021ರಲ್ಲಿ ನೊಬೆಲ್ ಅರ್ಥಶಾಸ್ತ್ರ ಪ್ರಶಸ್ತಿ ಸಂದಿತು. ಏರಿಕೆ ಎಷ್ಟು, ಎಲ್ಲಿ ಎಂಬುದರ ಮೇಲೆ ಫಲಿತಾಂಶ ಬೇರೆಯಾಗಬಹುದೆಂಬ ಚರ್ಚೆ ಮಾತ್ರ ಮುಂದುವರಿದಿದೆ.

ಸಂಘಗಳ ಏಳುಬೀಳು

ಕಾನೂನಿಗೂ ಮುನ್ನ ವೇತನ ಏರಿಸಿದ್ದು ಕೆಲಸಗಾರರ ಅಭಾವ. 1914ರ ಜನವರಿಯಲ್ಲಿ ಹೆನ್ರಿ ಫೋರ್ಡ್ ತನ್ನ ಕಾರು ಕಾರ್ಖಾನೆಯಲ್ಲಿ ದಿನಕ್ಕೆ 5 ಡಾಲರ್ ಘೋಷಿಸಿದಾಗ ಜಗತ್ತೇ ಬೆರಗಾಯಿತು. ಇದು ಬರಿಯ ಔದಾರ್ಯವಾಗಿರಲಿಲ್ಲ. ಸಾಗುಪಟ್ಟಿಯ ಮುಂದಿನ ಬೇಸರದ ದುಡಿಮೆ ತಾಳದೆ ಕೆಲಸಗಾರರು ಸಾಲುಸಾಲಾಗಿ ಬಿಟ್ಟುಹೋಗುತ್ತಿದ್ದರು. ಅವರನ್ನು ಹಿಡಿದಿಡುವುದು ಕಾರ್ಖಾನೆಗೆ ಅನಿವಾರ್ಯವಾಗಿತ್ತು.

1935ರ ವ್ಯಾಗ್ನರ್ ಕಾಯ್ದೆ ಸಂಘ ಕಟ್ಟುವ ಹಾಗೂ ಸಾಮೂಹಿಕ ಚೌಕಾಶಿ ನಡೆಸುವ ಹಕ್ಕನ್ನು ಖಾತರಿಪಡಿಸಿತು. 1950ರಲ್ಲಿ ವಾಲ್ಟರ್ ರಾಯ್ಟರ್ ನೇತೃತ್ವದ ವಾಹನ ಕಾರ್ಮಿಕರ ಸಂಘ ಜನರಲ್ ಮೋಟಾರ್ಸ್ ಜತೆ ಐದು ವರ್ಷಗಳ ಒಪ್ಪಂದ ಮಾಡಿಕೊಂಡಿತು. ಬೆಲೆ ಏರಿದಂತೆ ಏರುವ ತುಟ್ಟಿಭತ್ಯೆ, ವರ್ಷಂಪ್ರತಿ ವೇತನ ಹೆಚ್ಚಳ, ನಿವೃತ್ತಿ ವೇತನ ಅದರಲ್ಲಿದ್ದವು. ಡೆಟ್ರಾಯ್ಟ್ ಒಪ್ಪಂದ ಎಂದು ಹೆಸರಾದ ಇದು ಇತರ ಕೈಗಾರಿಕೆಗಳಿಗೂ ಮಾದರಿಯಾಯಿತು. 1950ರ ದಶಕದ ಮಧ್ಯಭಾಗದಲ್ಲಿ ಸುಮಾರು ಮೂರರಲ್ಲೊಂದು ಭಾಗ ನೌಕರರು ಸಂಘದ ಸದಸ್ಯರಾಗಿದ್ದರು. ಆ ಕಾಲದಲ್ಲಿ ಉತ್ಪಾದಕತೆ ಮತ್ತು ವೇತನ ಜೋಡೆತ್ತಿನಂತೆ ಸಾಗಿದವು.

ಇಳಿಮುಖಕ್ಕೆ ಕಾರಣಗಳು ಹಲವು. 1947ರ ಟಾಫ್ಟ್-ಹಾರ್ಟ್ಲಿ ಕಾಯ್ದೆ ಸಂಘಗಳ ಕೈಕಟ್ಟಿತು. ಸಂಘದ ಶುಲ್ಕವನ್ನು ಕಡ್ಡಾಯಗೊಳಿಸದಂತೆ ನಿಯಮ ಮಾಡಲು ರಾಜ್ಯಗಳಿಗೆ ಅವಕಾಶ ಕೊಟ್ಟದ್ದು ಇದೇ ಕಾಯ್ದೆ. 2024ರಲ್ಲಿ 26 ರಾಜ್ಯಗಳಲ್ಲಿ ಇಂಥ ನಿಯಮವಿತ್ತು. 1981ರ ಆಗಸ್ಟ್‌ನಲ್ಲಿ ಮುಷ್ಕರ ಹೂಡಿದ 11 ಸಾವಿರಕ್ಕೂ ಹೆಚ್ಚು ವಿಮಾನ ಸಂಚಾರ ನಿಯಂತ್ರಕರನ್ನು ಅಧ್ಯಕ್ಷ ರೊನಾಲ್ಡ್ ರೇಗನ್ ಒಟ್ಟಿಗೇ ವಜಾ ಮಾಡಿದರು. ಖಾಸಗಿ ಮಾಲೀಕರಿಗೂ ಇದರಿಂದ ಧೈರ್ಯ ಬಂತು. ಆಮದು ಪೈಪೋಟಿ, ಯಂತ್ರೀಕರಣ, ಕಾರ್ಖಾನೆಗಳ ವಲಸೆ ಉಳಿದ ಕೆಲಸ ಮಾಡಿದವು. 1983ರಲ್ಲಿ ಶೇ. 20.1ರಷ್ಟಿದ್ದ ಸಂಘ ಸದಸ್ಯತ್ವ 2024ರಲ್ಲಿ ಶೇ. 9.9ಕ್ಕೆ ಇಳಿಯಿತು. ಖಾಸಗಿ ವಲಯದಲ್ಲಿ ಅದು ಶೇ. 5.9 ಮಾತ್ರ.

ನಿಂತ ನೀರಾದ ದಶಕಗಳು

1973ರ ಜನವರಿಯಲ್ಲಿ ಖಾಸಗಿ ವಲಯದ ಸಾಮಾನ್ಯ ಕೆಲಸಗಾರರ ಗಂಟೆಯ ಸರಾಸರಿ ಗಳಿಕೆ 4.03 ಡಾಲರ್. 2018ರ ಬೆಲೆಮಟ್ಟದಲ್ಲಿ ಅದು 23.68 ಡಾಲರಿಗೆ ಸಮ. ಆದರೆ 2018ರ ಜುಲೈನಲ್ಲಿ ಅದೇ ವರ್ಗ ವಾಸ್ತವವಾಗಿ ಗಳಿಸುತ್ತಿದ್ದುದು 22.65 ಡಾಲರ್. ಕಾಗದದ ಮೇಲೆ ಕೂಲಿ ಐದು ಪಟ್ಟಿಗೂ ಹೆಚ್ಚು ಏರಿದ್ದರೂ ಸಂತೆಯ ಚೀಲಕ್ಕೆ ಬೀಳುವ ಸರಕು ಹೆಚ್ಚಲಿಲ್ಲ ಎಂದರ್ಥ.

ಈ ಲೆಕ್ಕಕ್ಕೆ ಆಕ್ಷೇಪವೂ ಇದೆ. ಬೆಲೆ ಏರಿಕೆಯನ್ನು ಯಾವ ಸೂಚ್ಯಂಕದಿಂದ ಅಳೆಯಬೇಕು, ಸೌಲಭ್ಯಗಳ ವೆಚ್ಚ ಸೇರಿಸಬೇಕೇ ಎಂಬುದರ ಮೇಲೆ ಅಂತರ ಹಿಗ್ಗುತ್ತದೆ ಅಥವಾ ಕುಗ್ಗುತ್ತದೆ. ಆದರೆ 1970ರ ದಶಕದ ನಂತರ ಮೇಲ್ತುದಿಯ ಆದಾಯ ನಡುವಿನವರಿಗಿಂತ ಬಹಳ ವೇಗವಾಗಿ ಬೆಳೆಯಿತೆಂಬ ವಿಷಯದಲ್ಲಿ ಹೆಚ್ಚು ಭಿನ್ನಮತವಿಲ್ಲ. ನಡುವೆ 1990ರ ದಶಕದ ಕೊನೆಯಲ್ಲಿ ನಿರುದ್ಯೋಗ ಶೇ. 4ರ ಸಮೀಪಕ್ಕೆ ಇಳಿದಾಗ ಕೆಳಹಂತದ ವೇತನ ಚೇತರಿಸಿಕೊಂಡಿತ್ತು.

ಸಂಬಳದಾಚೆಯ ಸಂಬಳ

ಅಮೆರಿಕದ ಖಾಸಗಿ ಮಾಲೀಕರು ನೌಕರರಿಗಾಗಿ ಖರ್ಚು ಮಾಡುವ ಪ್ರತಿ 100 ಡಾಲರಿನಲ್ಲಿ ಸುಮಾರು 70 ಡಾಲರ್ ಸಂಬಳ. ಉಳಿದ 30 ಡಾಲರ್ ಸೌಲಭ್ಯಗಳಿಗೆ. ಇದರಲ್ಲಿ ಆರೋಗ್ಯ ವಿಮೆಯ ಪಾಲು ದೊಡ್ಡದು. ವಿಮೆ ಉದ್ಯೋಗಕ್ಕೆ ಅಂಟಿಕೊಂಡದ್ದು ಎರಡನೆಯ ಮಹಾಯುದ್ಧದ ಕಾಲದಲ್ಲಿ. 1942ರಲ್ಲಿ ಸರ್ಕಾರ ವೇತನ ಏರಿಕೆಗೆ ಕಡಿವಾಣ ಹಾಕಿತು. ಕೆಲಸಗಾರರನ್ನು ಸೆಳೆಯಲು ಬೇರೆ ದಾರಿಯಿಲ್ಲದ ಮಾಲೀಕರು ವಿಮೆಯ ಆಮಿಷ ಒಡ್ಡಿದರು. 1954ರ ತೆರಿಗೆ ಸಂಹಿತೆ ಅದಕ್ಕೆ ತೆರಿಗೆ ವಿನಾಯಿತಿಯನ್ನು ಗಟ್ಟಿಗೊಳಿಸಿತು. 2024ರಲ್ಲಿ ಉದ್ಯೋಗದ ಮೂಲಕ ದೊರೆಯುವ ಕುಟುಂಬ ವಿಮೆಯ ಸರಾಸರಿ ವಾರ್ಷಿಕ ಕಂತು 25,572 ಡಾಲರ್. ಅದರಲ್ಲಿ ನೌಕರರ ಸಂಬಳದಿಂದ ಕಡಿತವಾಗುವುದು 6,296 ಡಾಲರ್. ವಿಮೆಯ ಕಂತು ಏರಿದಷ್ಟೂ ಸಂಬಳ ಏರಿಸಲು ಮಾಲೀಕರ ಕೈಯಲ್ಲಿ ಉಳಿಯುವುದು ಕಡಿಮೆ. ಕೆಲಸ ಹೋದರೆ ಸಂಬಳದ ಜತೆಗೆ ಆಸ್ಪತ್ರೆಯ ಭದ್ರತೆಯೂ ಅಲುಗಾಡುತ್ತದೆ.

ನಿವೃತ್ತಿಯ ವ್ಯವಸ್ಥೆಯೂ ಬದಲಾಗಿದೆ. ಹಿಂದೆ ದೊಡ್ಡ ಕಂಪೆನಿಗಳು ಬದುಕಿರುವವರೆಗೆ ನಿಶ್ಚಿತ ಪಿಂಚಣಿ ಕೊಡುತ್ತಿದ್ದವು. 1978ರ ತೆರಿಗೆ ಕಾನೂನಿನ ಒಂದು ಉಪಬಂಧದಿಂದ ಹುಟ್ಟಿದ 401(ಕೆ) ಖಾತೆ ಆ ಜಾಗವನ್ನು ಆಕ್ರಮಿಸಿತು. ಇದರಲ್ಲಿ ನೌಕರರೇ ಹಣ ತೊಡಗಿಸಬೇಕು. ಷೇರುಪೇಟೆ ಕುಸಿದರೆ ನಷ್ಟವೂ ಅವರದೇ. ರಜೆಯ ವಿಷಯದಲ್ಲಿ 1993ರ ಕಾಯ್ದೆ ಹೆರಿಗೆ ಅಥವಾ ಗಂಭೀರ ಕಾಯಿಲೆಗೆ 12 ವಾರಗಳ ರಜೆಗೆ ಅವಕಾಶ ನೀಡುತ್ತದೆ. ಆದರೆ ಅದು ಸಂಬಳವಿಲ್ಲದ ರಜೆ, ಸಣ್ಣ ಸಂಸ್ಥೆಗಳಿಗೆ ಅನ್ವಯಿಸದು. ಖಾಸಗಿ ನೌಕರರೆಲ್ಲರಿಗೂ ವೇತನಸಹಿತ ಹೆರಿಗೆ ರಜೆ ಕೊಡಲೇಬೇಕೆಂಬ ಕೇಂದ್ರ ಕಾನೂನು ಅಲ್ಲಿಲ್ಲ.

ಗಾಯಕ್ಕೆ ಪರಿಹಾರ

ಕೆಲಸದಲ್ಲಿ ಗಾಯಗೊಂಡವರ ಪರಿಹಾರದ ವ್ಯವಸ್ಥೆ ರಾಜ್ಯಗಳಿಗೆ ಸೇರಿದ್ದು. ಪರಿಹಾರ ಕಡ್ಡಾಯಗೊಳಿಸಿದ ನ್ಯೂಯಾರ್ಕಿನ ಕಾನೂನನ್ನು ಅಲ್ಲಿನ ಉಚ್ಚ ಪೀಠ 1911ರ ಮಾರ್ಚ್ 24ರಂದು ಅಸಿಂಧುಗೊಳಿಸಿತು. ಮರುದಿನವೇ ನ್ಯೂಯಾರ್ಕ್ ನಗರದ ಟ್ರಯಾಂಗಲ್ ಉಡುಪು ಕಾರ್ಖಾನೆಗೆ ಬೆಂಕಿ ಬಿದ್ದು 146 ಮಂದಿ ಸತ್ತರು. ಅವರಲ್ಲಿ ಬಹುಪಾಲು ವಲಸೆ ಬಂದ ಎಳೆಯ ಹೆಣ್ಣುಮಕ್ಕಳು. ಆ ವರ್ಷವೇ ವಿಸ್ಕಾನ್ಸಿನ್ ಕಾನೂನು ಜಾರಿಗೆ ಬಂತು. 1948ರಲ್ಲಿ ಮಿಸಿಸಿಪ್ಪಿ ಸೇರುವುದರೊಂದಿಗೆ ಎಲ್ಲ ರಾಜ್ಯಗಳಲ್ಲೂ ಇಂಥ ಕಾನೂನು ಬಂದಂತಾಯಿತು.

ಇದರ ತಿರುಳು ಒಂದು ರಾಜಿ. ತಪ್ಪು ಯಾರದೆಂದು ಕೇಳದೆ ವೈದ್ಯಕೀಯ ವೆಚ್ಚ ಹಾಗೂ ಕಳೆದುಕೊಂಡ ವೇತನದ ಒಂದು ಭಾಗ, ಸಾಮಾನ್ಯವಾಗಿ ಮೂರನೇ ಎರಡರಷ್ಟು, ದೊರೆಯುತ್ತದೆ. ಬದಲಿಗೆ ನೌಕರರು ಮಾಲೀಕರ ಮೇಲೆ ದಾವೆ ಹೂಡುವ ಹಕ್ಕನ್ನು ಬಹುಮಟ್ಟಿಗೆ ಬಿಟ್ಟುಕೊಡುತ್ತಾರೆ. ಟೆಕ್ಸಾಸ್‌ನಲ್ಲಿ ಖಾಸಗಿ ಮಾಲೀಕರು ಈ ವ್ಯವಸ್ಥೆಯಿಂದ ಹೊರಗುಳಿಯಬಹುದು. ಆ್ಯಪ್ ಮೂಲಕ ಟ್ಯಾಕ್ಸಿ ಓಡಿಸುವವರು, ಊಟ ತಲುಪಿಸುವವರು ಬಹುತೇಕ ಕಡೆ ಸ್ವತಂತ್ರ ಗುತ್ತಿಗೆದಾರರೆಂದು ಪರಿಗಣಿತರಾಗಿರುವುದರಿಂದ ಕನಿಷ್ಠ ವೇತನ ಹಾಗೂ ಈ ಪರಿಹಾರ ಎರಡೂ ಅವರ ಕೈಗೆ ಎಟುಕುವುದಿಲ್ಲ.

ಕೋವಿಡ್ ನಂತರದ ತಿರುವು

2021-22ರಲ್ಲಿ ಚಿತ್ರ ಬದಲಾಯಿತು. 2022ರ ವಸಂತದಲ್ಲಿ ಪ್ರತಿಯೊಬ್ಬ ನಿರುದ್ಯೋಗಿಗೆ ಸುಮಾರು ಎರಡು ಖಾಲಿ ಹುದ್ದೆಗಳಿದ್ದವು. ಜನ ಇದ್ದ ಕೆಲಸ ಬಿಟ್ಟು ಹೆಚ್ಚು ಸಂಬಳದ ಕೆಲಸಕ್ಕೆ ಹೋದರು. ಸರಾಸರಿ ವೇತನ ವರ್ಷಕ್ಕೆ ಶೇ. 5ರಿಂದ 6ರಷ್ಟು ಏರಿತು. ಆದರೆ 2022ರ ಜೂನ್‌ನಲ್ಲಿ ಹಣದುಬ್ಬರ ಶೇ. 9.1 ತಲುಪಿ, ಏರಿದ ಸಂಬಳವನ್ನು ಬೆಲೆ ನುಂಗಿತು. ಬೆಲೆ ಏರಿಕೆ ತಗ್ಗಿದ ಮೇಲೆ, 2023ರ ಮಧ್ಯದಿಂದೀಚೆಗೆ, ನಿಜ ವೇತನ ಮತ್ತೆ ಮೇಲ್ಮುಖವಾಯಿತು. ಈ ಅವಧಿಯಲ್ಲಿ ಅತ್ಯಂತ ವೇಗವಾಗಿ ಏರಿದ್ದು ಕಡಿಮೆ ಸಂಬಳದವರ ವೇತನ ಎಂಬುದು ಗಮನಾರ್ಹ. ದಶಕಗಳ ಕಾಲ ಹಿಗ್ಗಿದ್ದ ಅಂತರ ತುಸು ಕುಗ್ಗಿತು.

ಈ ಬಿಗುವು ಸಂಘಗಳಿಗೂ ಬಲ ತಂದಿತು. 2023ರ ಸೆಪ್ಟೆಂಬರಿನಲ್ಲಿ ಡೆಟ್ರಾಯ್ಟಿನ ಮೂರೂ ದೊಡ್ಡ ಕಾರು ಕಂಪೆನಿಗಳಲ್ಲಿ ಏಕಕಾಲಕ್ಕೆ ಮುಷ್ಕರ ಹೂಡಿದ ವಾಹನ ಕಾರ್ಮಿಕರು, 2028ರ ವೇಳೆಗೆ ಮೂಲವೇತನದಲ್ಲಿ ಶೇ. 25ರಷ್ಟು ಏರಿಕೆ ಪಡೆದರು. 2009ರ ಆರ್ಥಿಕ ಸಂಕಟದಲ್ಲಿ ಬಿಟ್ಟುಕೊಟ್ಟಿದ್ದ ತುಟ್ಟಿಭತ್ಯೆಯನ್ನೂ ಮರಳಿ ಗಳಿಸಿದರು.

ಬೆಂಗಳೂರಿಗೂ ತಾಗುವ ಲೆಕ್ಕ

ಬಿಎಲ್‌ಎಸ್‌ನ ವೃತ್ತಿವಾರು ಸಮೀಕ್ಷೆ ಕರ್ನಾಟಕದ ಸಾವಿರಾರು ಕುಟುಂಬಗಳಿಗೂ ಪರೋಕ್ಷವಾಗಿ ಸಂಬಂಧಿಸಿದ್ದು. ಎಚ್-1ಬಿ ವೀಸಾದ ಮೇಲೆ ದುಡಿಯುವವರಿಗೆ ಆಯಾ ಪ್ರದೇಶದಲ್ಲಿ ಚಾಲ್ತಿಯಲ್ಲಿರುವ ವೇತನ ಅಥವಾ ಅದೇ ಕಂಪೆನಿ ಅಂಥದೇ ನೌಕರರಿಗೆ ಕೊಡುವ ವೇತನ, ಎರಡರಲ್ಲಿ ಹೆಚ್ಚಿನದನ್ನು ಕೊಡಬೇಕೆಂಬುದು ಕಾನೂನು. ಚಾಲ್ತಿ ವೇತನವನ್ನು ಈ ಸಮೀಕ್ಷೆಯಿಂದಲೇ ನಾಲ್ಕು ಮಟ್ಟಗಳಲ್ಲಿ ನಿಗದಿಪಡಿಸಲಾಗುತ್ತದೆ. ಈಚಿನ ವರ್ಷಗಳಲ್ಲಿ ಮಂಜೂರಾದ ಎಚ್-1ಬಿ ಅರ್ಜಿಗಳಲ್ಲಿ ಶೇ. 70ಕ್ಕೂ ಹೆಚ್ಚು ಭಾರತದಲ್ಲಿ ಹುಟ್ಟಿದವರದು.

ಎರಡು ದಶಕಗಳಿಂದ ಬಳಕೆಯಲ್ಲಿರುವ ಸೂತ್ರದಲ್ಲಿ ಮೊದಲೆರಡು ಮಟ್ಟಗಳು ಮಧ್ಯಾಂಕಕ್ಕಿಂತ ಕೆಳಗಿದ್ದವು. ಸ್ಥಳೀಯರ ವೇತನವನ್ನು ಇದು ತಗ್ಗಿಸುತ್ತದೆ ಎಂಬ ಟೀಕೆಯ ಮೂಲ ಇಲ್ಲಿದೆ. ಹೊಸಬರಿಗೆ ಅನುಭವಿಗಳ ಸಂಬಳ ಕೊಡಲಾಗದು ಎಂಬುದು ಕಂಪೆನಿಗಳ ಉತ್ತರ. 2020ರ ಅಕ್ಟೋಬರಿನಲ್ಲಿ ಈ ಮಟ್ಟಗಳನ್ನು ಏಕಾಏಕಿ ಏರಿಸಿದ ನಿಯಮವನ್ನು ನ್ಯಾಯಾಲಯ ಡಿಸೆಂಬರಿನಲ್ಲಿ ರದ್ದುಪಡಿಸಿತು. 2025ರ ಸೆಪ್ಟೆಂಬರಿನಲ್ಲಿ ಹೊರದೇಶದಿಂದ ಬರುವವರ ಹೊಸ ಅರ್ಜಿಗಳಿಗೆ 1 ಲಕ್ಷ ಡಾಲರ್ ಶುಲ್ಕ ಘೋಷಿಸಲಾಯಿತು. ಇನ್ನೊಂದೆಡೆ, ಎಚ್-1ಬಿ ನೌಕರರನ್ನೇ ಹೆಚ್ಚಾಗಿ ಅವಲಂಬಿಸಿದ ಕಂಪೆನಿಗಳಿಗೆ ಹೆಚ್ಚುವರಿ ನಿರ್ಬಂಧಗಳಿಂದ ವಿನಾಯಿತಿ ನೀಡಲು 1998ರಲ್ಲಿ ಇಟ್ಟ 60 ಸಾವಿರ ಡಾಲರ್ ಸಂಬಳದ ಮಿತಿ ಬೆಲೆಯೊಂದಿಗೆ ಏರಲೇ ಇಲ್ಲ. ಏರಿದ್ದರೆ ಅದು ಹತ್ತಿರ ಹತ್ತಿರ ಎರಡರಷ್ಟಾಗಬೇಕಿತ್ತು. ಕನಿಷ್ಠ ವೇತನಕ್ಕೆ ಆದ ಗತಿಯೇ ಇದಕ್ಕೂ ಆಗಿದೆ.

ವರದಿಯನ್ನು ಓದುವ ಬಗೆ

ಅಮೆರಿಕದ ವೇತನ ಏರಿತೆಂಬ ಸುದ್ದಿ ಬಂದಾಗ ಮೂರು ಪ್ರಶ್ನೆಗಳನ್ನು ಕೇಳುವುದು ಒಳಿತು. ಬೆಲೆ ಏರಿಕೆಯನ್ನು ಕಳೆದ ಮೇಲೆ ಉಳಿಯುವುದೆಷ್ಟು? ಆ ಅಂಕಿ ಸರಾಸರಿಯದೋ, ಮಧ್ಯಾಂಕದ್ದೋ? ಆ ತಿಂಗಳು ಲೆಕ್ಕದಿಂದ ಹೊರಬಿದ್ದವರು ಯಾರು?

ಬೆಲೆಯೊಂದಿಗೆ ತಾನಾಗಿ ಏರುವ ಏರ್ಪಾಡು ಇಲ್ಲದ ಯಾವುದೇ ಮಿತಿ, ಅದು 7.25 ಡಾಲರ್ ಇರಲಿ, 2.13 ಡಾಲರ್ ಇರಲಿ, ಯಾರೂ ಮುಟ್ಟದಿದ್ದರೂ ವರ್ಷದಿಂದ ವರ್ಷಕ್ಕೆ ಕರಗುತ್ತದೆ. ಹಲವು ರಾಜ್ಯಗಳು ತಮ್ಮ ಕನಿಷ್ಠ ವೇತನವನ್ನು ಈಗಾಗಲೇ ಬೆಲೆ ಸೂಚ್ಯಂಕಕ್ಕೆ ಜೋಡಿಸಿವೆ. ಕೇಂದ್ರದ ದರ ಏರಬೇಕಾದರೆ ಪ್ರತಿ ಬಾರಿಯೂ ಸಂಸತ್ತಿನಲ್ಲಿ ಹೊಸ ಮಸೂದೆಯೇ ಅಂಗೀಕಾರವಾಗಬೇಕು.